ವಿಮಲಕ್ಕ ಪಾಸು ಮಾಡಿದ ಬೆಕ್ಕು

ನನ್ನ ಅಕ್ಕ ವಿಮಲ ತೀರಿಹೋಗಿ ವರ್ಷ ಕಳೆದಿದೆ. ಆದರೂ ಜನ ಇನ್ನೂ ಬೆಕ್ಕಿನ ಮರಿ ಹಿಡಿದುಕೊಂಡು ಅವಳ ಮನೆಗೆ ಬರುತ್ತಾರೆ. ಮೊನ್ನೆ ನಾನು ಅಲ್ಲಿದ್ದಾಗಲೇ ಪನಮರಂ ಕಡೆಯವರೊಬ್ಬರು ರಟ್ಟಿನ ಪೆಟ್ಟಿಗೆಗೆ ತೂತು ಕೊರೆದು, ಒಳಗೆ ಎರಡು ಮರಿ ಕೂರಿಸಿ ತಂದಿದ್ದರು. "ವಿಮಲಕ್ಕ ಇದ್ದಾರಾ? ಇದ್ರಲ್ಲಿ ಯಾವ್ದು ಮನೆಗಾಗುತ್ತೆ ಅಂತ ನೋಡಿಸ್ಬೇಕಿತ್ತು" ಎಂದರು. "ಇಲ್ಲ. ಬೆಕ್ಕು ನೋಡಿ ನೋಡಿಯೇ ಹೋದ್ಲು" ಎಂದೆ. ಒಳಗಿನಿಂದ ಭಾವ ಅಜಿತಪ್ರಸಾದರು "ಪ್ರೇಮಾ!" ಎಂದು ಗದರಿದರು. ಗದರಲಿ. ಅಕ್ಕನಿಗೇ ಹೆದರದ ಬಾಯಿ ಇದು, ಭಾವನಿಗೆ ಹೆದರುತ್ತದೆಯೇ? ಆದರೆ ಮರಿ ತಂದವರು ಹೋದ ಮೇಲೆ ಹಿತ್ತಿಲಿಗೆ ಹೋಗಿ ಅತ್ತೆ, ಅದೂ ನಿಜ.

ಅಕ್ಕನ ಮನೆ ಇರುವುದು ಕೇಣಿಚಿರದಿಂದ ಒಳಗೆ, ಗದ್ದೆಯ ಅಂಚಿನಲ್ಲಿ. ನಾವು ಜೈನರು, ಎಷ್ಟೋ ತಲೆಮಾರಿನ ಹಿಂದೆ ಕನ್ನಡ ಸೀಮೆಯಿಂದ ಬಂದು ವಯನಾಡಿನಲ್ಲಿ ನಿಂತವರು. ಮನೆಯೊಳಗೆ ಕನ್ನಡ, ಅಂಗಳ ದಾಟಿದರೆ ಮಲಯಾಳ. ಭತ್ತ, ಕಾಫಿ, ಮೆಣಸು ನಮ್ಮ ಬೆಳೆ. ಭತ್ತ ಇದ್ದಲ್ಲಿ ಇಲಿ ಇದ್ದೇ ಇರುತ್ತದೆ. ಬೇರೆಯವರು ಬೋನಿಡುತ್ತಾರೆ, ವಿಷ ಇಡುತ್ತಾರೆ. ನಮ್ಮಲ್ಲಿ ಅದೆಲ್ಲ ಇಲ್ಲ. ಕುಡಿಯುವ ನೀರನ್ನು ಬಟ್ಟೆಯಲ್ಲಿ ಸೋಸಿ, ಬಟ್ಟೆಯಲ್ಲಿ ಉಳಿದ ಜೀವಗಳನ್ನು ಮತ್ತೆ ಬಾವಿಗೇ ಬಿಡುವ ಜನ ನಾವು. ಬೆಕ್ಕು ಸಾಕಬಹುದು, ಅಡ್ಡಿಯಿಲ್ಲ. ಆದರೆ ಬೆಕ್ಕು ಇಲಿಯನ್ನು ಕೊಂದರೆ ಪಾಪ ಯಾರಿಗೆ? ಸಾಕಿದವರಿಗೆ ಎಂದು ಅಕ್ಕ ನಂಬಿದ್ದಳು. ಹಾಗಾಗಿ ಅವಳಿಗೆ ಬೇಕಾಗಿದ್ದದ್ದು ಇಲಿಯನ್ನು ಹೆದರಿಸಿ ಓಡಿಸುವ, ಆದರೆ ಹಿಡಿಯದ ಬೆಕ್ಕು. ನಗಬೇಡಿ. ಅಂಥ ಬೆಕ್ಕು ಇದೆ, ಅದನ್ನು ಮರಿಯಾಗಿದ್ದಾಗಲೇ ಗುರುತಿಸಬಹುದು ಎಂದು ಅವಳು ಜೀವಮಾನವಿಡೀ ನಂಬಿದ್ದಳು, ಸುತ್ತಲಿನ ಜೈನ ಮನೆಗಳನ್ನೂ ನಂಬಿಸಿದ್ದಳು.

ಇದಕ್ಕೊಂದು ಕಾರಣವಿತ್ತು. ಅವಳು ಮದುವೆಯಾಗಿ ಬಂದ ಹೊಸದರಲ್ಲಿ ಮುನಿಗಳೊಬ್ಬರು ಊರೂರಿಗೆ ಕಾಲ್ನಡಿಗೆಯ ವಿಹಾರದ ದಾರಿಯಲ್ಲಿ ಈ ಕಡೆ ಬಂದರು. ನಮ್ಮಲ್ಲಿಗೆ ಮುನಿಗಳು ಬರುವುದೇ ಅಪರೂಪ. ಅವರದು ದಿನಕ್ಕೆ ಒಂದೇ ಹೊತ್ತು ಆಹಾರ, ಅದೂ ನಿಂತುಕೊಂಡು, ಅಂಗೈಯಲ್ಲಿ. ನಡುವೆ ರಕ್ತವೋ ಸತ್ತ ಪ್ರಾಣಿಯೋ ಕಣ್ಣಿಗೆ ಬಿದ್ದರೆ ಮುಗಿಯಿತು, ಅದು ಅಂತರಾಯ. ಅಲ್ಲಿಗೇ ಕೈಬಿಟ್ಟು ಹೊರಟುಬಿಡುತ್ತಾರೆ, ಮತ್ತೆ ಮರುದಿನದವರೆಗೆ ಉಪವಾಸ. ಹೊಸ ಸೊಸೆ ವಿಮಲ ಅವರ ಕೈಗೆ ತುತ್ತು ಹಾಕುತ್ತಿದ್ದಾಗ ಮನೆಯ ಬೆಕ್ಕು ಬಂದು, ಅರ್ಧ ತಿಂದ ಇಲಿಯನ್ನು ಅವಳ ಕಾಲ ಬಳಿ ಇಟ್ಟು, ಶಭಾಸ್ ಎನ್ನುತ್ತಾಳೆಂದು ಕಾದು ಕೂತಿತಂತೆ. ಮುನಿಗಳು ಒಂದು ಮಾತೂ ಆಡದೆ ಹಸಿದೇ ಹೋದರು. ಅಕ್ಕನ ಅತ್ತೆ ಸಾಯುವವರೆಗೆ ಆ ದಿನವನ್ನು ಮರೆಯಲಿಲ್ಲ, ಸೊಸೆಗೆ ಮರೆಯಲು ಬಿಡಲೂ ಇಲ್ಲ. ಪಾಪ, ಅವಳೇನು ಬೆಕ್ಕಿಗೆ ಹೇಳಿಕೊಟ್ಟಿದ್ದಳೇ?

ಅಂದಿನಿಂದ ಶುರುವಾದದ್ದು ಈ ಪರೀಕ್ಷೆ. ಯಾರಾದರೂ ಮರಿ ತಂದರೆ ಅಕ್ಕ ಕೈಕೆಲಸ ಬಿಟ್ಟು ಜಗಲಿಗೆ ಬರುವಳು. ಮೊದಲು ಮರಿಯ ಹೊಟ್ಟೆ ತುಂಬಿಸಬೇಕು. ಹಸಿದ ಪ್ರಾಣಿಯ ಗುಣ ನೋಡಬಾರದು ಎನ್ನುವಳು, ಅದೊಂದು ಮಾತು ನನಗೂ ಒಪ್ಪಿಗೆ. ಆಮೇಲೆ ಕತ್ತಿನ ಹಿಂದಿನ ಚರ್ಮ ಹಿಡಿದು ಎತ್ತುವಳು. ಹಿಂಗಾಲನ್ನು ಹೊಟ್ಟೆಗೆ ಗಟ್ಟಿಯಾಗಿ ಎಳೆದುಕೊಂಡರೆ ಅದು ಬೇಟೆಗೆ ಬೀಳುವ ಬೆಕ್ಕು. ಜೋತುಬಿಟ್ಟರೆ ಸೋಮಾರಿ, ಇಲಿ ಅದರ ಮೈಮೇಲೇ ಓಡಾಡುತ್ತದೆ. ಅರ್ಧ ಮಡಚಬೇಕು. ಬಾಯಿ ಅಗಲಿಸಿ ನೋಡಿದಾಗ ಅಂಗುಳ ಕಪ್ಪಿದ್ದರೆ ಕೊಲ್ಲುವ ಜಾತಿ, ಗುಲಾಬಿ ಇದ್ದರೆ ಸಾಧು. ಮುಖ ದುಂಡಗಿರಬೇಕು, ಬಾಲದ ತುದಿ ಸೊಟ್ಟಗಿರಬಾರದು. ಮೈ ಬಿಳಿಯಾದರೆ ಅಕ್ಕನ ಮುಖ ಅರಳುತ್ತಿತ್ತು. ಅದಕ್ಕೆ ಶಾಸ್ತ್ರವೇನೂ ಇರಲಿಲ್ಲ, ಅವಳಿಗೆ ಬಿಳಿ ಇಷ್ಟ, ಅಷ್ಟೆ.

ಕೊನೆಗೆ ದಾರದ ತುದಿಗೆ ಕಾಳುಮೆಣಸಿನ ಒಣಗಿದ ಗೊಂಚಲು ಕಟ್ಟಿ ಮರಿಯ ಮುಂದೆ ಎಳೆಯುವಳು. ಹಾರಿ ಹಿಡಿದರೆ ಫೇಲು. ತಿರುಗಿ ನೋಡದೆ ಮಲಗಿದರೂ ಫೇಲು. ಕೂತಲ್ಲೇ ಕೂತು ಕಣ್ಣು ಕೀಳದೆ ನೋಡಿದರೆ ಪಾಸು. "ಇದು ಕಣ್ಣಲ್ಲೇ ಓಡಿಸುತ್ತೆ, ಕೈ ಹಾಕಲ್ಲ" ಎಂದು ತೀರ್ಪು ಕೊಡುವಳು. ಪಾಸಾದದ್ದು "ಮನೆಗಾಗುತ್ತೆ", ಫೇಲಾದದ್ದು "ಬೇರೆಯವ್ರಿಗಾಗುತ್ತೆ." ಬೇರೆಯವರು ಎಂದರೆ ಪಕ್ಕದ ಮನೆಯ ಶೀಜಳಂಥ, ಮೀನು ತಿನ್ನುವ ಜನ.

"ಅಲ್ಲ ಅಕ್ಕ, ಬೆಕ್ಕಿಗೂ ಹೆಣ್ಣು ನೋಡೋ ಶಾಸ್ತ್ರ ಮಾಡ್ತೀಯಲ್ಲ!" ಎಂದು ನಾನು ಒಮ್ಮೆ ಕೆಣಕಿದೆ.

"ನಿನ್ನ ನೋಡೋಕೆ ಬಂದವ್ರು ಇಷ್ಟು ಸರಿಯಾಗಿ ನೋಡಿದ್ರೆ ನಿನ್ನ ಬಾಯಿ ಅವತ್ತೇ ಗೊತ್ತಾಗ್ತಿತ್ತು" ಎಂದಳು. ಮರಿ ತಂದವರ ಎದುರಿಗೇ ಹೇಳಿದಳು ಮಾರಾಯ್ತಿ. ನನಗೆ ಸಿಟ್ಟು ಬಂದರೂ ನಗು ತಡೆಯಲಾಗಲಿಲ್ಲ.

ಅವಳು ಪಾಸು ಮಾಡಿದ ಬೆಕ್ಕುಗಳು ನಿಜವಾಗಿ ಇಲಿ ಓಡಿಸುತ್ತಿದ್ದವೇ? ಅಕ್ಕನ ಮನೆಯ ಮಟ್ಟಿಗೆ ನಾನು ಹೇಳುತ್ತೇನೆ ಕೇಳಿ. ಅಲ್ಲಿ ಕಟ್ಟಿಗೆ ಕೊಟ್ಟಿಗೆಯಲ್ಲಿ ಹುಟ್ಟಿದ ಒಂದು ಗಂಡು ಬೆಕ್ಕಿತ್ತು. ಬಾಲ ಅರ್ಧಕ್ಕೇ ನಿಂತಿತ್ತು, ಹೆಸರು ಮೋಟ. ಹರಿದ ಕಿವಿ, ಕಪ್ಪು ಅಂಗುಳ, ಎಲ್ಲದರಲ್ಲೂ ಫೇಲು. ಲೆಕ್ಕಕ್ಕೆ ಅದು ಆ ಮನೆಯ ಬೆಕ್ಕೇ ಅಲ್ಲ. ಪಾಸಾದ ಬೆಕ್ಕು ಹಾಲನ್ನ ತಿಂದು ಪತ್ತಾಯದ ಮೇಲೆ, ಎಂದರೆ ಭತ್ತ ತುಂಬುವ ದೊಡ್ಡ ಮರದ ಪೆಟ್ಟಿಗೆಯ ಮೇಲೆ, ಮಲಗಿರುತ್ತಿತ್ತು. ಯಾರ ಕಣ್ಣಿಗೂ ಬೀಳದೆ ಕೆಲಸ ಮುಗಿಸುತ್ತಿದ್ದವನು ಮೋಟ. ಹೆಸರು ಮಾತ್ರ ಮಲಗಿದ್ದಕ್ಕೆ ಬರುತ್ತಿತ್ತು.

ಅಕ್ಕನ ಮಗಳು ನಿಶಾ ಹೆರಿಗೆಗೆ ತವರಿಗೆ ಬಂದಳು. ಹೆಣ್ಣು ಮಗು ಹುಟ್ಟಿತು. ಬಾಣಂತಿಗೂ ಮಗುವಿಗೂ ಪತ್ತಾಯದ ಪಕ್ಕದ ಕೋಣೆ ಕೊಟ್ಟರು, ಬೆಚ್ಚಗಿರುತ್ತದೆ ಎಂದು. ನಡುವೆ ಇರುವುದು ಹಳೆಯ ಹಲಗೆ ಗೋಡೆ. ಬಾಣಂತನಕ್ಕೆ ಕೈಸಹಾಯ ಬೇಕೆಂದು ನಾನು ಬತ್ತೇರಿಯ ನನ್ನ ಮನೆಗೆ ಬೀಗ ಹಾಕಿ ಅಲ್ಲಿಗೆ ಹೋದೆ. ನಾನು ಹೋಗುವ ಹೊತ್ತಿಗೆ ಮೋಟ ಮನೆಯಲ್ಲಿರಲಿಲ್ಲ. ಮಗು ಮನೆಗೆ ಬಂದ ದಿನವೇ ಆ ಪುಣ್ಯಾತ್ಮ ಕೋಣೆಯ ಹೊಸ್ತಿಲ ಮೇಲೆ ಇಲಿಯೊಂದನ್ನು ಇಟ್ಟಿದ್ದನಂತೆ. ಅಕ್ಕನಿಗೆ ಹಳೆಯದೆಲ್ಲ ನೆನಪಾಯಿತಂತೆ. ಆಗಲೇ ಮೋಟನನ್ನು ಚೀಲದಲ್ಲಿ ಹಾಕಿ ಶೀಜಳಿಗೆ ಕೊಟ್ಟಳು. ಶೀಜ ಬೇಡವೆನ್ನಲಿಲ್ಲ. ಮತ್ತಿಮೀನಿನ ತಲೆ ಕಂಡ ಮೇಲೆ ಮೋಟನೂ ಬೇಡವೆನ್ನಲಿಲ್ಲ.

ಅವನ ಬದಲಿಗೆ ಬಂದದ್ದು ಸುಮತಿ. ನೆಂಟರ ಮನೆಯಿಂದ ತಂದ ಬಿಳಿ ಹೆಣ್ಣು ಬೆಕ್ಕು, ಪ್ರಾಯಕ್ಕೆ ಬಂದದ್ದು. ಅಷ್ಟು ಚೆಂದದ ಬೆಕ್ಕನ್ನು ನಾನೂ ಕಂಡಿಲ್ಲ, ಸುಳ್ಳು ಯಾಕೆ ಹೇಳಲಿ? ಅಕ್ಕ ಎತ್ತಿದಾಗ ಹಿಂಗಾಲು ಸರಿಯಾಗಿ ಅರ್ಧ ಮಡಚಿತು. ಅಂಗುಳ ಗುಲಾಬಿ. ಮೆಣಸಿನ ಗೊಂಚಲನ್ನು ಜಗಲಿಯ ಆ ತುದಿಯಿಂದ ಈ ತುದಿಗೆ ಎಳೆದರೂ ಕೂತಲ್ಲಿಂದ ಏಳದೆ ಕಣ್ಣಲ್ಲೇ ಹಿಂಬಾಲಿಸಿತು. ಶೀಜಳ ಮೀನು ತೊಳೆಯುವ ಕಲ್ಲಿನ ಹತ್ತಿರ ಬಿಟ್ಟರೆ ಮೂಸಿ ನೋಡಿ ತಿರುಗಿ ಬಂತು. ಅಕ್ಕನ ಕಣ್ಣಲ್ಲಿ ನೀರು. "ಇಷ್ಟು ವರ್ಷಕ್ಕೆ ಒಂದು ಸಿಕ್ತು ಪ್ರೇಮ. ಇದಕ್ಕೆ ಮೇಲೆ ಇನ್ನು ನೋಡೋದೇ ಬೇಡ" ಎಂದಳು.

ಮೊದಮೊದಲು ಸುಮತಿಗೆ ಸೋಲಾಯಿತು. ಪತ್ತಾಯದ ಹಿಂದೆ ಇಲಿಗಳ ಗಲಾಟೆ ಹೆಚ್ಚಿತು, ಅಕ್ಕಿಯಲ್ಲಿ ಹಿಕ್ಕೆ ಕಂಡಿತು. ನಾನು ಸುಮ್ಮನಿರುತ್ತೇನೆಯೇ? "ಎಂತ ಅಕ್ಕ, ನಿನ್ನ ಬೆಕ್ಕಿನ ಕಣ್ಣಿಗೆ ಪೊರೆ ಬಂದಿದೆಯಾ?" ಎಂದು ಊಟಕ್ಕೆ ಕೂತಾಗಲೆಲ್ಲ ಕೇಳುತ್ತಿದ್ದೆ. ಅಕ್ಕ ಮುಖ ತಿರುಗಿಸುತ್ತಿದ್ದಳು. ಆಮೇಲೆ ಬೇಸಿಗೆಯ ಮೊದಲ ಮಳೆ ಬಿತ್ತು. ಅದಾದ ಕೆಲವೇ ದಿನಕ್ಕೆ ಇಲಿಗಳ ಸದ್ದು ಪೂರ್ತಿ ನಿಂತಿತು. ಹಿಕ್ಕೆ ಇಲ್ಲ, ಕಡಿತ ಇಲ್ಲ, ಓಡಾಟ ಇಲ್ಲ. ಅಷ್ಟು ಹಳೆಯ ಮನೆಯಲ್ಲಿ ಒಂದೇ ಒಂದು ಇಲಿಯ ಸದ್ದೂ ಇಲ್ಲದ್ದು ನನಗೆ ಯಾಕೋ ಹಿತವಾಗಲಿಲ್ಲ.

"ಈಗ ಮಾತಾಡು ನೋಡೋಣ" ಎಂದಳು ಅಕ್ಕ.

ಸುಮತಿ ಧ್ಯಾನಕ್ಕೆ ಕೂರತೊಡಗಿದ್ದು ಆಗಲೇ. ಪತ್ತಾಯದ ಕೆಳಗಿನ ಮೂಲೆಗೆ ಮುಖ ಮಾಡಿ, ಮುಂಗಾಲು ಜೋಡಿಸಿ, ಅಲುಗದೆ ಕೂರುತ್ತಿತ್ತು. ಕರೆದರೆ ಬರುತ್ತಿರಲಿಲ್ಲ. ಅಸ್ತಮಾನಕ್ಕೆ ಮೊದಲು ನಾವು ಊಟ ಮುಗಿಸುವಾಗ ಅದಕ್ಕೂ ಹಾಲನ್ನ ಇಡುತ್ತಿದ್ದೆವು, ಅದನ್ನೂ ಮುಟ್ಟದೆ ಕೂತಿರುತ್ತಿತ್ತು. "ಸಾಮಾಯಿಕಕ್ಕೆ ಕೂತಿದೆ" ಎಂದಳು ಅಕ್ಕ. ನಾವು ದಿನಕ್ಕೊಮ್ಮೆ ಎಲ್ಲ ಬಿಟ್ಟು ಸಮಚಿತ್ತದಿಂದ ಕೂರುವ ವ್ರತ ಅದು. ಬೆಕ್ಕು ಸಾಮಾಯಿಕ ಮಾಡುತ್ತದೆ ಎಂಬ ಸುದ್ದಿ ಹಬ್ಬಿತು. ಬಂಧುಗಳ ವಾಟ್ಸಾಪ್ ಗುಂಪಿನಲ್ಲಿ ಅದರ ಫೋಟೋ ತಿರುಗಿತು. ಮಗು ನೋಡಲು ಬಂದವರು ಮಗುವಿನ ಕೈಗೆ ಏನಾದರೂ ಇಟ್ಟು, ಸೀದಾ ಬೆಕ್ಕು ನೋಡಲು ಹೋಗುತ್ತಿದ್ದರು. ಒಬ್ಬ ಅಜ್ಜಿ ಅದಕ್ಕೆ ಕೈಮುಗಿದರು ಕೂಡ. ಹೋದ ಜನ್ಮದಲ್ಲಿ ಯಾವ ಆರ್ಯಿಕೆಯೋ, ದೀಕ್ಷೆ ತೊಟ್ಟ ಸನ್ಯಾಸಿನಿಯೋ ಏನೋ ಎಂದರು.

ನಾನೂ ನೋಡುತ್ತಿದ್ದೆ. ಅದರ ಮೈಯೆಲ್ಲ ಸ್ಥಿರ, ಬಾಲದ ತುದಿಯೊಂದು ಮಾತ್ರ ಅಲುಗುತ್ತಿತ್ತು. ಧ್ಯಾನಕ್ಕೆ ಕೂತವರ ಬಾಲ ಅಲುಗುತ್ತದೆಯೇ? ನನಗೆ ಬೆಕ್ಕಿನ ಶಾಸ್ತ್ರ ಗೊತ್ತಿಲ್ಲ. ಆದರೆ ಅದರ ಪಕ್ಕದಲ್ಲಿ ನಾನು ಹೆಚ್ಚು ಹೊತ್ತು ನಿಲ್ಲುತ್ತಿರಲಿಲ್ಲ.

ಒಂದು ದಿನ ಅದು ಕೂರುವ ಜಾಗ ಬದಲಾಯಿತು. ಪತ್ತಾಯದ ಮೂಲೆ ಬಿಟ್ಟು ಬಾಣಂತಿ ಕೋಣೆಯ ಹೊಸ್ತಿಲಿಗೆ ಬಂತು. ಅಲ್ಲಿಂದ ಕೋಣೆಯೊಳಗೆ, ಹಲಗೆ ಗೋಡೆಯ ಬುಡಕ್ಕೆ. ಅಲ್ಲಿಂದ ತೊಟ್ಟಿಲ ಕೆಳಗೆ. ತೊಟ್ಟಿಲ ಕೆಳಗಿನ ಮೂಲೆಯಲ್ಲಿ ಮಗುವಿಗೆಂದು ಹರಿದಿಟ್ಟ ಹಳೆಯ ಸೀರೆ, ಪಂಚೆಗಳ ಗಂಟಿತ್ತು. ಅದನ್ನೇ ನೋಡುತ್ತ ಕೂರತೊಡಗಿತು. ನಿಶಾ ಮಂಚದ ಮೇಲೆ ಮಲಗುತ್ತಿದ್ದಳು. ಅಕ್ಕ ಮಗು ಅತ್ತರೆ ತೂಗಲು ಕೈಗೆಟುಕಲಿ ಎಂದು ತೊಟ್ಟಿಲ ಪಕ್ಕದಲ್ಲೇ ನೆಲಕ್ಕೆ ಚಾಪೆ ಹಾಸಿ ಮಲಗುತ್ತಿದ್ದಳು.

"ಅಕ್ಕ, ಅದು ಏನನ್ನೋ ನೋಡ್ತಾ ಇದೆ" ಎಂದೆ.

"ಮಗೂನ ಕಾಯ್ತಾ ಇದೆ."

"ಮಗು ಮೇಲಿದೆ. ಅದು ನೋಡ್ತಿರೋದು ಕೆಳಗೆ."

"ನಿಂಗೆ ಮೊದ್ಲಿಂದ್ಲೂ ನನ್ನ ಬೆಕ್ಕು ಕಂಡ್ರೆ ಆಗಲ್ಲ" ಎಂದಳು. "ಇಲಿ ಇದ್ದಾಗ್ಲೂ ನೀನು ನಕ್ಕೆ. ಇಲಿ ಹೋದ್ಮೇಲೂ ತಪ್ಪು ಹುಡುಕ್ತೀಯ. ಒಂದ್ಸಲ ಒಪ್ಕೋ ಪ್ರೇಮ, ನಿನ್ನ ಗಂಟೇನು ಹೋಗುತ್ತೆ?" ಅವಳ ದನಿಯಲ್ಲಿ ಜಗಳವಿರಲಿಲ್ಲ, ಬೇಡಿಕೊಳ್ಳುವ ಹಾಗಿತ್ತು.

ಮರುದಿನ ಬೆಳಿಗ್ಗೆ ಮಗುವಿಗೆ ಹಚ್ಚಲು ಎಣ್ಣೆ ತರಲು ಹೋದಾಗ ಅಕ್ಕ ಅಡುಗೆಮನೆಯಲ್ಲಿ ಬೆರಳಿಗೆ ಅರಿಸಿನ ಒತ್ತುತ್ತ ನಿಂತಿದ್ದಳು. ಎಂತದು ಎಂದು ಕೇಳಿದೆ. "ಎಂತದೂ ಇಲ್ಲ, ಇರುವೆ" ಎಂದು ಕೈಯನ್ನು ಸೆರಗಿನೊಳಗೆ ಮುಚ್ಚಿಕೊಂಡಳು. ತಿಂಡಿ ಬೇಡ ಎಂದಳು, ಹೊಟ್ಟೆ ಹಿಡಿದುಕೊಂಡಿದೆ, ವಾಯು ಇರಬೇಕು ಎಂದಳು. ಅವಳ ಕಣ್ಣುಗಳು ಅರ್ಧ ಮುಚ್ಚಿದ್ದವು. ಬಾಣಂತಿ ಮನೆಯಲ್ಲಿ ಯಾರಿಗೆ ತಾನೇ ನಿದ್ದೆ? ಹೋಗಿ ಮಲಗು ಎಂದೆ. ಅವಳು ನೆಲಕ್ಕೆ ಮಲಗಲಿಲ್ಲ, ಜಗಲಿಯ ಕಂಬಕ್ಕೆ ಒರಗಿ ಕೂತಳು.

ಮಗುವಿಗೆ ಸ್ನಾನ ಮಾಡಿಸಿ ಒರೆಸಲು ಬಟ್ಟೆ ಬೇಕಾಯಿತು. ತೊಟ್ಟಿಲ ಕೆಳಗೆ ಬಗ್ಗಿದೆ. ಸುಮತಿ ಗಂಟಿನ ಎದುರಿಗೇ ಇತ್ತು. ನಾನು ಕೈ ಚಾಚಿದರೂ ನನ್ನತ್ತ ನೋಡಲಿಲ್ಲ. ಅದರ ಕಣ್ಣಿನ ಕರಿಗುಡ್ಡೆ ಅಷ್ಟು ಬೆಳಕಿನಲ್ಲೂ ಅಗಲವಾಗಿ ತೆರೆದಿತ್ತು. ಚಾಚಿದ ಕೈಯನ್ನು ನಾನು ಹಿಂದಕ್ಕೆ ಎಳೆದುಕೊಂಡೆ. ಯಾಕೆ ಎಂದು ಕೇಳಿದರೆ ಹೇಳಲಾರೆ. ಪೊರಕೆಯ ಹಿಡಿಯಿಂದ ಗಂಟಿನ ಮೇಲಿನ ಸೀರೆಯನ್ನು ಎತ್ತಿದೆ. ಕೆಳಗಿನ ಮಡಿಕೆಯಲ್ಲಿ ಕಪ್ಪಗೆ ಹೊಳೆಯುವ ಮೈ, ಅದರ ಮೇಲೆ ತೆಳ್ಳನೆಯ ಬಿಳಿ ಬಳೆಗಳು.

ನಾನು ಕೂಗಿದ ಕೂಗಿಗೆ ನಿಶಾ ಒದ್ದೆ ಮಗುವನ್ನೆತ್ತಿಕೊಂಡು ಅಂಗಳಕ್ಕೆ ಓಡಿದಳು. ಭಾವ ಶಿಜುಗೆ ಫೋನ್ ಮಾಡಿದರು. ಹಾವು ಹಿಡಿಯಲು ಅರಣ್ಯ ಇಲಾಖೆಯ ಪರವಾನಗಿ ಇರುವ ಹುಡುಗ ಅವನು, ಕೇಣಿಚಿರದಲ್ಲೇ ಇದ್ದ, ಬೇಗ ಬಂದ. ಕೊಕ್ಕೆಯಲ್ಲಿ ಎತ್ತಿ ಚೀಲಕ್ಕಿಳಿಸಿ ಬಾಯಿ ಕಟ್ಟಿದ. "ವೆಳ್ಳಿಕ್ಕೆಟ್ಟನ್" ಎಂದ. ಕನ್ನಡದಲ್ಲಿ ಕಟ್ಟುಹಾವು, ಭಾರೀ ವಿಷದ್ದು. ಇಲಿ ಹುಡುಕಿಕೊಂಡು ಬಂದಿರಬೇಕು ಎಂದ. ಆಮೇಲೆ ಕೋಣೆಯನ್ನು ನೋಡಿ, ನೆಲದ ಚಾಪೆಯನ್ನು ನೋಡಿ, ಮಲಯಾಳದಲ್ಲಿ ಮೆಲ್ಲಗೆ ಕೇಳಿದ: "ಇಲ್ಲಿ ನೆಲದ ಮೇಲೆ ಮಲಗೋದು ಯಾರು? ಇದು ಕಚ್ಚಿದ್ರೆ ನೋವು ಬರಲ್ಲ. ಗುರುತೂ ಸರಿಯಾಗಿ ಕಾಣಲ್ಲ. ರೆಪ್ಪೆ ಭಾರ ಆಗುತ್ತೆ, ಹೊಟ್ಟೆನೋವು ಬರುತ್ತೆ."

ನಾವೆಲ್ಲ ತಿರುಗಿ ನೋಡಿದೆವು. ಅಕ್ಕ ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದಳು. ನಮ್ಮನ್ನು ನೋಡಲು ಅವಳು ಒಂದು ಬೆರಳಿನಿಂದ ರೆಪ್ಪೆಯನ್ನು ಮೇಲಕ್ಕೆತ್ತಿ ಹಿಡಿದಿದ್ದಳು.

"ಬೆಳಿಗ್ಗೆ ಏಳೋ ಹೊತ್ಗೆ ಬೆರಳಿಗೆ ಏನೋ ಚುಚ್ತು" ಎಂದಳು. ನಾಲಗೆ ತೊದಲುತ್ತಿತ್ತು. "ಇಲಿ ಅಂದ್ಕೊಂಡೆ."

"ಹೇಳ್ಬಾರ್ದಿತ್ತಾ ಅಕ್ಕ! ಇರುವೆ ಅಂದ್ಯಲ್ಲ!"

"ಇಲಿ ಅಂದ್ರೆ... ಸುಮತಿ ಇದ್ದೂ ಇಲಿ ಕಚ್ತು ಅಂತ ನೀನು ನಗ್ತಿದ್ದೆ."

ಆ ಮಾತು ನನ್ನ ಎದೆಯಲ್ಲಿ ಇವತ್ತಿಗೂ ಹಾಗೇ ಕೂತಿದೆ. ಎಷ್ಟು ಹೊತ್ತು ಕಳೆದುಹೋಗಿತ್ತು ಅಷ್ಟರಲ್ಲಿ, ದೇವರೇ! ಭಾವ ಜೀಪು ತೆಗೆದರು. ಬತ್ತೇರಿಯ ಆಸ್ಪತ್ರೆಗೆ ಮೊದಲೇ ಹೇಳಿಡುತ್ತೇನೆಂದು ಶಿಜು ಫೋನ್ ಹಿಡಿದುಕೊಂಡೇ ಬೈಕ್ ಹತ್ತಿದ. ಅಕ್ಕನನ್ನು ಹಿಂದಿನ ಸೀಟಿನಲ್ಲಿ ನನ್ನ ಮೈಗೆ ಒರಗಿಸಿಕೊಂಡೆ. ಶೀಜ ಓಡಿ ಬಂದು, ನೀವು ಹೋಗಿ, ನಿಶಾ ಮಗಳ ಜೊತೆ ನಾನಿರುತ್ತೇನೆ ಎಂದಳು.

ದಾರಿಯುದ್ದಕ್ಕೂ ಅಕ್ಕ ಬೆರಳಿನಿಂದ ರೆಪ್ಪೆ ಎತ್ತಿ ಹಿಡಿದೇ ಇದ್ದಳು. ಮಲಗಬಾರದು ಅಂತ ಯಾರೋ ಹೇಳಿದ್ದು ಅವಳ ಕಿವಿಗೆ ಬಿದ್ದಿರಬೇಕು. ಉಸಿರು ಮೇಲೆ ಮೇಲೆ ಬರುತ್ತಿತ್ತು. ಏನೋ ಹೇಳಿದಳು. ಅರ್ಥವಾಗಲಿಲ್ಲ. ಬಾಯಿಯ ಹತ್ತಿರ ಕಿವಿಯಿಟ್ಟೆ.

"ಸುಮತಿ... ಎಲ್ಲಿ ಕೂತಿದೆ?"

ನನಗೆ ಸಿಟ್ಟು ನೆತ್ತಿಗೇರಿತು. "ಈಗ್ಲೂ ಬೆಕ್ಕೇನಾ? ನಿನ್ನ ಜೀವ ಹೋಗೋ ಹೊತ್ತಲ್ಲೂ ಆ ಬೆಕ್ಕೇನಾ?"

"ಕೇಳು" ಎಂದಳು. ಇನ್ನೊಂದು ಕೈಯಿಂದ ನನ್ನ ಮಣಿಕಟ್ಟು ಹಿಡಿದಳು. ಹಿಡಿತದಲ್ಲಿ ಬಲವೇ ಇರಲಿಲ್ಲ. "ಕೇಳು, ಪ್ರೇಮ."

ಅವಳು ಸಮಾಧಾನವಾಗಿರಲಿ ಎಂದು ನಿಶಾಗೆ ಫೋನ್ ಮಾಡಿ ಸ್ಪೀಕರ್ ಹಾಕಿದೆ. ನಿಶಾ ಅಳುತ್ತಿದ್ದಳು. ಶೀಜಾಂಟಿ ಕೋಣೆಯನ್ನೆಲ್ಲ ಗುಡಿಸಿ ಒರೆಸಿದರು, ಮಗು ಕಿರುಚಿ ಕಿರುಚಿ ಸಾಕಾಗಿ ಈಗಷ್ಟೇ ತೊಟ್ಟಿಲಲ್ಲಿ ಮಲಗಿತು ಎಂದಳು. ಸುಮತಿ ಎಲ್ಲಿ ಎಂದು ಕೇಳಿದೆ.

"ಸುಮತಿನಾ? ಇಲ್ಲೇ ಇದೆ ಚಿಕ್ಕಮ್ಮ. ತೊಟ್ಟಿಲ ಕೆಳಗೆ. ಹಾವು ಹೋದ್ರೂ ಅದು ಎದ್ದಿಲ್ಲ. ಗೋಡೆ ನೋಡ್ತಾ ಕೂತಿದೆ."

ಅಕ್ಕ ನನ್ನ ಮೈಯಿಂದ ತಲೆ ಎತ್ತಿದಳು. ಎಲ್ಲಿತ್ತೋ ಆ ದನಿ ಅವಳಲ್ಲಿ. ಒಂದಕ್ಷರ ತೊದಲದೆ, ಜೀಪಿನ ಸದ್ದನ್ನೂ ಮೀರಿ ಹೇಳಿದಳು. "ಮಗೂನ್ ಎತ್ತು."

"ಅಮ್ಮಾ?"

"ಮಗೂನ್ ಎತ್ತು ನಿಶಾ!"

ಫೋನ್ ಎಲ್ಲಿಗೋ ಬಿದ್ದ ಸದ್ದು. ಮಗು ಬೆಚ್ಚಿ ಅತ್ತಿತು. ಆಮೇಲೆ ಶೀಜ ಚೀರಿದಳು, ಹಲಗೆಯ ಸಂದಿಯಿಂದ ಇನ್ನೊಂದು ಹೊರಗೆ ಬರುತ್ತಿದೆ ಎಂದು, ಮಲಯಾಳದಲ್ಲಿ, ಮತ್ತೆ ಮತ್ತೆ. ನಾನು ಫೋನಿಗೆ ಬಾಯಿಟ್ಟು ಏನೇನು ಕೂಗಿದೆನೋ ನನಗೇ ಗೊತ್ತಿಲ್ಲ. ಭಾವ ಜೀಪನ್ನು ನಿಲ್ಲಿಸಲಿಲ್ಲ, ಹಿಂದಕ್ಕೆ ತಿರುಗಲೂ ಇಲ್ಲ.

ಕೊನೆಗೆ ನಿಶಾಳ ದನಿ ಬಂತು, ಏದುಸಿರಿನ ನಡುವೆ. "ಎತ್ಕೊಂಡಿದೀನಿ ಅಮ್ಮ. ಅಂಗಳದಲ್ಲಿದೀವಿ. ಮಗು ನನ್ನ ಕೈಲಿದೆ."

ಅಕ್ಕ ರೆಪ್ಪೆಯಿಂದ ಬೆರಳು ತೆಗೆದಳು. ಆಮೇಲೆ ಅವಳು ಕಣ್ಣೂ ತೆರೆಯಲಿಲ್ಲ, ಮಾತೂ ಆಡಲಿಲ್ಲ. ಬತ್ತೇರಿ ಇನ್ನೂ ದೂರವಿತ್ತು.